ಕಡಲಿಗೆ ಸೂತಕ ತಂದವಳು

ಮೆರೆವಾಲೆಸಿಯ ಎದುರು ನಿಂತುಕೊಂಡು ಮಾತು ಮುಗಿಸಿದ ಮನುಷ್ಯನನ್ನು ನಾನು ಕಾಣೆ. ಬಂದವನು ಮಂತ್ರಿಯಾಗಿರಲಿ, ಲಾಠಿ ಹಿಡಿದ ಪೊಲೀಸನಾಗಿರಲಿ, ದೇವರ ವಾಕ್ಯವನ್ನು ಕಂಕುಳಲ್ಲಿ ಇರುಕಿಕೊಂಡ ಪಾದ್ರಿಯಾಗಿರಲಿ, ಅವನು ಬಾಯಿ ತೆರೆಯುವ ಮೊದಲೇ ಅವಳ ಬಲಗೈ ಮೇಲೆದ್ದು, ಅಂಗೈ ನೆಲದತ್ತ ತಿರುಗಿ, ಉಬ್ಬಿದ ಹಿಟ್ಟನ್ನು ಅದುಮುವಂತೆ ಗಾಳಿಯನ್ನು ಅದುಮುತ್ತದೆ. "ಮೊದ್ಲು ಕೂತ್ಕೋ." ಅಷ್ಟೇ. ಕೂತವರ ಮುಂದೆ ನಿಂತು ಮಾತಾಡುವುದು ನಮ್ಮ ದ್ವೀಪಗಳಲ್ಲಿ ಅಮರ್ಯಾದೆ ಎಂಬುದು ಎಳೆಮಕ್ಕಳಿಗೂ ಗೊತ್ತು; ಆದರೆ ಉಳಿದವರಿಗೆ ಅದು ಸೌಜನ್ಯ, ಇವಳಿಗೆ ಆಯುಧ. ಚಾಪೆಯ ಮೇಲೆ ಚಕ್ಕಳಮಕ್ಕಳ ಹಾಕಿ ಕೂತ ಅಧಿಕಾರಿಯ ಇಸ್ತ್ರಿ ಮುದುಡುತ್ತದೆ, ಮೊಣಕಾಲು ನೋಯುತ್ತದೆ, ಲಾಠಿಯನ್ನು ಎಲ್ಲಿಡಬೇಕೆಂದು ತೋಚುವುದಿಲ್ಲ. ಅಧಿಕಾರವೆಂಬುದರಲ್ಲಿ ಅರ್ಧ ಭಾಗ ಬರೀ ಎತ್ತರ ಎಂಬ ಸತ್ಯ ಅವನ ಕುಂಡೆಗೆ ಚಾಪೆ ತಾಗಿದ ಕ್ಷಣದಲ್ಲಿ ಅವನಿಗೇ ಹೊಳೆದುಬಿಡುತ್ತದೆ.

ಸುವಾ ಪೇಟೆಯಲ್ಲಿ ಅಣುಬಾಂಬಿನ ವಿರುದ್ಧ ನಾವು ಮೆರವಣಿಗೆ ಹೊರಡುತ್ತಿದ್ದ ಕಾಲದಲ್ಲಿ, ಬಂಧಿಸಲು ಬಂದ ಎಳೇ ಇನ್‌ಸ್ಪೆಕ್ಟರೊಬ್ಬನನ್ನು ನಡುರಸ್ತೆಯಲ್ಲೇ ಕೂರಿಸಿ, "ಯಾವೂರು ನಿಂದು? ತಾಯಿ ಯಾವ ಕುಲದೋಳು?" ಎಂದು ಬೇರಿನತನಕ ವಿಚಾರಿಸಿ, ಅವನು ದೂರದ ಲೆಕ್ಕದಲ್ಲಿ ತನಗೆ ಅಳಿಯನಾಗಬೇಕೆಂದು ಸಾಬೀತುಪಡಿಸಿ, ಆಮೇಲೆ "ಈಗ ಹಿಡ್ಕೊಂಡು ನಡಿಯಪ್ಪ, ನೆಂಟರ ಮನೆಗೆ ಹೋದ ಹಾಗಾಗುತ್ತೆ" ಎಂದು ತಾನೇ ವ್ಯಾನು ಹತ್ತಿದಳು. ಅಳಿಯ ಠಾಣೆಯ ಮುಂದೆ ಅವಳನ್ನು ಇಳಿಸುವಾಗ ಕೈಹಿಡಿಯುವುದನ್ನು ಮರೆತ. ಅಂದು ಬಿದ್ದು ಮುರಿದ ಸೊಂಟ ಸರಿಯಾಗಿ ಕೂಡಿಕೊಳ್ಳಲಿಲ್ಲ. ಅವತ್ತಿನಿಂದ ಅವಳ ನಡಿಗೆ ಒಂದೇ ಬದಿಗೆ ಹುಟ್ಟು ಹಾಕುವ ದೋಣಿಯ ಹಾಗೆ. ಎಡಗಾಲು ಅರ್ಧಚಂದ್ರ ಬರೆದು ಬಂದು ಬಲಗಾಲನ್ನು ಸೇರಬೇಕು. ಹಿರಿಯರ ಮುಂದೆ ಹಾಯುವಾಗ ಬೆನ್ನು ಬಾಗಿಸಬೇಕಾದ ಊರಿನಲ್ಲಿ ಬೆನ್ನು ಬಾಗದೆ ನಡೆಯುವ ಪರವಾನಗಿಯನ್ನು ಪೊಲೀಸರೇ ಕೊಟ್ಟಂತಾಯಿತು ಎಂದು ಅವಳು ನಗುತ್ತಾಳೆ.

ಅವಳ ಕರಿಕೋಟೂ ಆ ದಿನದ್ದೇ. ಠಾಣೆಯ ಹೊರಗೆ ಮಳೆಯಲ್ಲಿ ನೆನೆಯುತ್ತ ಕೂತಿದ್ದವಳ ಮೇಲೆ ನಮ್ಮ ಕಡೆಯ ವಕೀಲನೊಬ್ಬ ತನ್ನ ಕೋಟು ಹೊದಿಸಿದ. ಪಾಪ, ವಾಪಸು ಬರುತ್ತದೆಂದು ನಂಬಿದ್ದ. ಕೊಟ್ಟದ್ದನ್ನು ಮರಳಿ ಕೇಳುವುದು ನಮ್ಮಲ್ಲಿ ಕಳ್ಳತನಕ್ಕಿಂತ ಹೀನ, ಆದ್ದರಿಂದ ಅವನು ಕೇಳಲಿಲ್ಲ, ಅವಳು ಕೊಡಲಿಲ್ಲ. ಆ ಗಂಡಸು ಕೋಟಿನ ಒಂದು ಜೇಬಿನಲ್ಲಿ ಹುರಿಹೊಸೆದ ಹೊಗೆಸೊಪ್ಪು, ಇನ್ನೊಂದರಲ್ಲಿ ಗಾಳದ ಕೊಕ್ಕೆಗಳು. ಸುಡುಬಿಸಿಲಿನಲ್ಲಿ ಏಡಿ ಹಿಡಿಯಲು ಕೆಸರಿಗಿಳಿಯುವಾಗಲೂ ಅದು ಮೈಮೇಲೆ ಇರಬೇಕು.

ವೈಲೋಮಾ ಎಂಬುದು ಅವಳ ಊರು. ನದಿ ಕಡಲಿಗೆ ಬಾಯಿ ಬಿಡುವ ಜಾಗ, ಎದುರಿಗೆ ಹವಳದ ಅಡ್ಡಗಟ್ಟೆ, ಅದರಲ್ಲೊಂದು ಬಿರುಕು, ದೋಣಿ ಹಡಗುಗಳಿಗೆ ಅದೊಂದೇ ದಾರಿ. ಅವಳದು ಕಡಲ ಕುಲ, ಮುಖಂಡರ ಮನೆಗೆ ಆಮೆ ಹಿಡಿದುಕೊಡುವ, ಮುಖಂಡ ಸತ್ತರೆ ನೀರಿಗೆ ಸೂತಕ ಹಾಕುವ ಕುಲ. ಊರಿಗೆಲ್ಲ ಅವಳು 'ಬುಂಬು', ಎಂದರೆ ಅಜ್ಜಿ. ಕಬ್ಬಿನ ಸೀಮೆಯಿಂದ ಬಂದ, ಕಡಲಾಚೆಯಿಂದ ಕೂಲಿಗೆ ತಂದವರ ಸಂತಾನವಾದ ನನ್ನನ್ನು ಮಾತ್ರ ಅವಳು ಹೆಸರು ಹಿಡಿದು ಕರೆದದ್ದಿಲ್ಲ. "ಏಯ್ ಕಬ್ಬು" ಅಂದರೆ ನಾನು.

ಹೋರಾಟದವರಾದ ನಮ್ಮನ್ನು ಇರಿಸುಮುರಿಸು ಮಾಡುತ್ತಿದ್ದದ್ದು ಅವಳ ಮನೆಯ ಗೋಡೆ. ಅಲ್ಲಿ ಬಿಳಿಯರ ರಾಣಿಯ ಪಟವಿತ್ತು. ಅಂಥ ಪಟ ಎಷ್ಟೋ ಮನೆಗಳಲ್ಲಿತ್ತು. ಆದರೆ ಬೇರೆಯವರ ಮನೆಯಲ್ಲಿ ಅದು ತೊಲೆಯ ಹತ್ತಿರ, ಏಸುವಿನ ಪಕ್ಕದಲ್ಲಿ, ಕತ್ತೆತ್ತಿ ನೋಡುವ ಎತ್ತರದಲ್ಲಿ. ಮೆರೆವಾಲೆಸಿಯ ಮನೆಯಲ್ಲಿ ಅದು ನೆಲದಿಂದ ಎರಡು ಮೊಳ ಮೇಲೆ, ಕೂತವರ ಕಣ್ಣಿಗೆ ಸಮನಾಗಿ. ಮೇಲೆ ನೇತುಹಾಕಿದರೆ ನಿಂತುಕೊಂಡ ಹಾಗಾಗುತ್ತದಂತೆ. ಬಂದವರು ಚಾಪೆಯ ಮೇಲೆ ಕೂತು ತಲೆ ಎತ್ತಿದರೆ ರಾಣಿಯೂ ಕೂತು ನೋಡುತ್ತಿದ್ದಾಳೆ, ಮಾತಿಗೆ ತಯಾರಾದವಳಂತೆ.

"ಬುಂಬು, ಸಾಮ್ರಾಜ್ಯಶಾಹಿ ಅಳೀಲಿ ಅಂತ ಬೀದೀಲಿ ಕೂಗ್ತೀರಿ, ಮನೇಲಿ ಇವಳನ್ನ ಕೂರಿಸ್ಕೊಂಡಿದೀರಿ. ಇಳಿಸಿಬಿಡಿ," ಎಂದು ನಮ್ಮ ಸಂಘದ ಹುಡುಗಿಯೊಬ್ಬಳು ಒಮ್ಮೆ ಹೇಳಿಯೇಬಿಟ್ಟಳು.

ಮೆರೆವಾಲೆಸಿ ಹೊಗೆಸೊಪ್ಪು ಸುತ್ತುವುದನ್ನು ನಿಲ್ಲಿಸಲಿಲ್ಲ. "ನೀವು ಗಂಟಲು ಹರ್ಕೊಂಡು ನೀನು ನಮಗೆ ಬೇಡ, ಬೇಡ ಅಂತೀರಿ. ಅವಳಿಗೆ ಒಳ್ಳೇದೇ ಆಯ್ತು. ಕೈ ತೊಳ್ಕೊಂಡು ಹೋಗ್ತಾಳೆ. ನಾನು ಬಿಡಲ್ಲ. ನಮ್ಮ ಕೈಯ ಆಮೆ ತಿಂದವಳು ಅವಳು."

ಆಮೆಯ ಕಥೆ ಊರಿಗೆಲ್ಲ ಬಾಯಿಪಾಠ. ರಾಣಿ ಹೊಸದಾಗಿ ಪಟ್ಟಕ್ಕೆ ಬಂದು ಹಡಗಿನಲ್ಲಿ ನಮ್ಮ ದ್ವೀಪಗಳಿಗೆ ಬಂದಾಗ ಮೆರೆವಾಲೆಸಿ ಅಪ್ಪನ ಸೊಂಟಕ್ಕೂ ಎಟುಕದ ಹುಡುಗಿ. ಔತಣಕ್ಕೆ ಆಮೆ ಒದಗಿಸುವ ಹೊಣೆ ಅವಳ ಅಪ್ಪನ ಬಲೆಗೆ ಬಿತ್ತು. ದಡದಲ್ಲಿ ಜನಸಾಗರ, ಆದರೆ ಒಂದು ಕೇಕೆಯಿಲ್ಲ, ಒಂದು ಚಪ್ಪಾಳೆಯಿಲ್ಲ. ದೊಡ್ಡವರ ಮುಂದೆ ಮೌನವೇ ನಮ್ಮ ಮರ್ಯಾದೆ. ಇದು ತಿಳಿಯದ ಬಿಳಿಯ ಹೆಂಗಸರು ಜನ ಮುನಿದಿದ್ದಾರೆಂದು ಗಾಬರಿಯಾಗಿ ಕರವಸ್ತ್ರ ಬೀಸಿ ಬೀಸಿ ಕೈನೋಯಿಸಿಕೊಂಡರಂತೆ. ಆ ಮೌನದ ನಡುವೆ ಕೂತು, ತೆಂಗಿನ ಚಿಪ್ಪಿನ ತುಂಬ ಕೊಟ್ಟ ಯಂಗೋನಾ ಬೇರಿನ ಕಷಾಯವನ್ನು ರಾಣಿ ಮುಖ ಸಿಂಡರಿಸದೆ ತಳ ಕಾಣುವತನಕ ಕುಡಿದಳು ಎಂಬಲ್ಲಿಗೆ ಬರುವಾಗ ಮೆರೆವಾಲೆಸಿಯ ಬೆನ್ನು ಇನ್ನೂ ಒಂದು ಅಂಗುಲ ನೆಟ್ಟಗಾಗುತ್ತದೆ. ಆ ಚಿಪ್ಪನ್ನು ಬರಿದು ಮಾಡಿದವರು ಆ ಕ್ಷಣದಿಂದ ನಮ್ಮ ಮುಖಂಡರು ಎಂಬುದು ಅವಳ ಲೆಕ್ಕ. ನಾವು ಅವರಿಗೆ ಆಮೆ ಕೊಡಬೇಕು, ಸತ್ತರೆ ಅಳಬೇಕು. ಅವರು ನಮ್ಮನ್ನು ಕಾಯಬೇಕು. ಬಿಳಿಯರು ಅದನ್ನು ಸ್ವಾಗತ ಸಮಾರಂಭ ಎಂದುಕೊಂಡರೆ ಅದು ಅವರ ಹಣೆಬರಹ.

ಅವಳ ಸೋದರತ್ತೆಯ ಮಗ ಸೈರುಸಿ, ಹವಳದ ಬಿರುಕಿನಲ್ಲಿ ಕಣ್ಣು ಮುಚ್ಚಿ ದೋಣಿ ದಾಟಿಸುವ ಮುದುಕ, ಅತ್ತೆಮಗನ ಹಕ್ಕಿನಿಂದ ಅವಳನ್ನು ಕೆಣಕಲೆಂದೇ ಸಂಜೆ ಜಗುಲಿಗೆ ಬರುತ್ತಿದ್ದ.

"ತಿಂದದ್ದು ಅವಳಲ್ಲ ಕಣೇ, ಹಡಗಿನ ಅಡುಗೆಯೋನು. ಅವಳು ರೊಟ್ಟಿ ಬೆಣ್ಣೆ ತಿಂದು ಮಲಗಿರ್ತಾಳೆ."

"ನಿನ್ನ ಮದುವೇಲಿ ಹಂದಿ ತಿಂದೋರು ಯಾರೋ? ನೀನಾ?"

"ನಂಗೆಲ್ಲಿ ಸಿಕ್ತು, ನನ್ನ ಭಾವಂದ್ರು ಮುಗಿಸಿದ್ರು."

"ಆದ್ರೂ ಹೆಂಡ್ತಿ ನಿನ್ನ ಕುತ್ತಿಗೆಗೇ ಬಿದ್ಲಲ್ಲ? ಹಾಗೇ ಇದೂ."

ಆದರೆ ಆ ಪಟದ ಜೊತೆಗಿನ ಅವಳ ಸಂಬಂಧ ಹೂಮಾಲೆಯದ್ದೆಂದು ಯಾರೂ ತಿಳಿಯಬಾರದು. ಅವಳ ಅಣ್ಣ ರಾಣಿಯ ಸೈನ್ಯದ ಜೊತೆ ದೂರದ ಬೋಳು ದ್ವೀಪವೊಂದಕ್ಕೆ ಹೋಗಿದ್ದ. ಅಲ್ಲಿ ದೊಡ್ಡ ಬಾಂಬು ಸಿಡಿಸುವಾಗ ಹುಡುಗರನ್ನೆಲ್ಲ ದಡದಲ್ಲಿ ಬೆನ್ನು ತಿರುಗಿಸಿ ಕೂರಿಸಿ, ಮುಷ್ಟಿಯಿಂದ ಕಣ್ಣು ಒತ್ತಿಕೊಳ್ಳಿ ಎಂದಿದ್ದರು. ಮುಚ್ಚಿದ ಕಣ್ಣಿನೊಳಗೆ ತನ್ನ ಕೈಯ ಎಲುಬುಗಳು ಕಂಡವು ಎಂದು ಬಂದು ಹೇಳಿದ. ಕೆಲವು ವರ್ಷ ಬದುಕಿದ, ಬದುಕಿದ ಅಂದರೆ ಚಾಪೆಯ ಮೇಲೆ ಕರಗುತ್ತ ಬಿದ್ದಿದ್ದ. ಅವನು ಸತ್ತ ದಿನ ಮೆರೆವಾಲೆಸಿ ಪಟವನ್ನು ಗೋಡೆಯ ಕಡೆ ತಿರುಗಿಸಿದಳು. ಸೂತಕ ಕಳೆದ ಮೇಲೆ ಮತ್ತೆ ಈಚೆ ತಿರುಗಿಸಿದಳು. ಯಾಕೆ ತಿರುಗಿಸಿದೆ ಎಂದರೆ, "ಬೈಯೋಕೆ ಮುಖ ಬೇಕಲ್ಲ?" ಎಂದಳು. ಅವತ್ತಿನಿಂದ ಬೈದಳು. ಅಡುಗೆಮನೆಯಿಂದ ಬರುವಾಗ, ಬಲೆ ಹೆಣೆಯುವಾಗ, ಪ್ರಾರ್ಥನೆ ಮುಗಿಸಿ ಏಳುವಾಗ, ನಮ್ಮ ಭಾಷೆಯಲ್ಲಿ ಹೆಂಗಸರು ಹೆಂಗಸರನ್ನು ಬೈಯುವ ಪದಗಳೆಲ್ಲ ಆ ಗಾಜಿನ ಮೇಲೆ ಒಮ್ಮೆಯಾದರೂ ಬಿದ್ದಿವೆ. "ನನ್ನ ಅಣ್ಣನ್ನ ಬೆನ್ನು ತಿರುಗಿಸಿ ಕೂರಿಸಿದ್ಯಲ್ಲೇ. ಎದುರುಬದುರು ಕೂರಿಸೋಕೆ ನಿನ್ನೋರಿಗೆ ಗುಂಡಿಗೆ ಇರ್ಲಿಲ್ವಾ?" ಬಾಂಬಿನ ವಿರುದ್ಧದ ನಮ್ಮ ಮೆರವಣಿಗೆಗೆ ಅವಳನ್ನು ತಂದದ್ದು ಈ ಜಗಳ. ನಮ್ಮ ಕರಪತ್ರಗಳಲ್ಲ, ಅವನ್ನು ಅವಳು ಮೀನು ಸುತ್ತಲು ಬಳಸುತ್ತಿದ್ದಳು.

ಮುಂದೆ ಸೈನ್ಯದ ಕರ್ನಲ್ ಒಬ್ಬ ಸರ್ಕಾರವನ್ನು ಉರುಳಿಸಿ, ಇನ್ನು ಮೇಲೆ ನಮಗೆ ರಾಣಿಯಿಲ್ಲ, ಇದು ಗಣರಾಜ್ಯ ಎಂದು ರೇಡಿಯೋದಲ್ಲಿ ಸಾರಿದಾಗ, ಅವನು ಹೊರಗಿನವರೆಂದು ಕರೆದ ಕಬ್ಬಿನ ಸೀಮೆಯ ನಮ್ಮಂಥವರು ಬಾಗಿಲಿಗೆ ಅಗಳಿ ಹಾಕಿ ಕೂತಿದ್ದೆವು. ವೈಲೋಮಾಕ್ಕೂ ಒಬ್ಬ ಸಾರ್ಜೆಂಟ್ ಬಂದು ಪಟಗಳನ್ನು ಇಳಿಸಲು ಹೇಳಿದ. ಮೆರೆವಾಲೆಸಿ ಅವನನ್ನು ಕೂರಿಸಿ, ಚಹಾ ಕೊಟ್ಟು, ಮರಗೆಣಸು ಕೊಟ್ಟು, ಕೇಳಿದಳು: "ಚಿಪ್ಪು ಕುಡಿಸಿ ಪಟ್ಟಕ್ಕೆ ಕೂರಿಸೋವಾಗ ಊರೂರೇ ಕೂತಿತ್ತು. ಇಳಿಸೋವಾಗ ನಿಮ್ಮ ಸಾಹೇಬ ಒಬ್ನೇ ರೇಡಿಯೋದಲ್ಲಿ ಕೆಮ್ಮಿದ್ರೆ ಆಗೋಯ್ತಾ? ಯಾರನ್ನ ಕೇಳಿದ್ನಂತೆ?" ಸಾರ್ಜೆಂಟ್ ಇನ್ನೊಂದು ಗೆಣಸು ತಿಂದು ಎದ್ದುಹೋದ. ಪಟ ಅಲ್ಲೇ ಉಳಿಯಿತು.

ಇಷ್ಟಾಗಿಯೂ, ಆ ಮುದುಕಿಯ ಹಟವನ್ನು ನಾವು ಹುಚ್ಚಿನ ಪಾಲಿಗೆ ಬರೆದಿಟ್ಟಿದ್ದೆವು. ಮರಳಿನ ವಿಚಾರ ಬರುವವರೆಗೆ.

ವೈಲೋಮಾದ ನದೀಮುಖದಲ್ಲಿ ಬಿದ್ದಿರುವುದು ಕಬ್ಬಿಣ ಬೆರೆತ ಕರಿಮರಳು. ಅದರ ಮೇಲೊಂದು ಕಂಪನಿಯ ಕಣ್ಣು ಬಿತ್ತು. ತಳವನ್ನು ಹೀರಿ ಮರಳು ಸೋಸಿ ಕೆಸರನ್ನು ಹೊರಗೆ ಉಗುಳುವ ಹಡಗು ತರುತ್ತೇವೆ ಎಂದರು. ಆ ಕೆಸರು ಹವಳದ ಮೇಲೆ ಕೂತರೆ ಹವಳ ಸಾಯುತ್ತದೆ, ಹವಳ ಸತ್ತರೆ ಮೀನಿಲ್ಲ; ಕೆಸರಿನಲ್ಲಿ ಕಾಲಿನಿಂದ ತಡಕಿ ಚಿಪ್ಪು ಹೆಕ್ಕುವ, ಏಡಿ ಹಿಡಿಯುವ ಹೆಂಗಸರಿಗೆ ಮನೆಯ ಒಲೆಯೇ ಆರಿದ ಹಾಗೆ. ನಾವು ಅರ್ಜಿ ಕೊಟ್ಟೆವು, ದಡದಲ್ಲಿ ಕೂತೆವು, ಕಚೇರಿಗಳ ಮುಂದೆ ಬೆವರಿದೆವು. ಪ್ರಯೋಜನವಾಗಲಿಲ್ಲ. ಊರ ಮುಖಂಡ, ನಮ್ಮ ಮಾತಿನಲ್ಲಿ 'ರಾತು', ಇಸಿಕೆಲಿ ಒಪ್ಪಿಗೆ ಕೊಟ್ಟಾಗಿತ್ತು. ಸುವಾದಲ್ಲಿ ನೌಕರಿಯಲ್ಲಿದ್ದ, ಕನ್ನಡಕದ, ಮೃದು ಮಾತಿನ ಈ ನಡುವಯಸ್ಸಿನ ಮನುಷ್ಯ ಕೆಟ್ಟವನೇನಲ್ಲ. ಊರಿಗೆ ರಸ್ತೆ ಬರುತ್ತದೆ, ಆಸ್ಪತ್ರೆ ಬರುತ್ತದೆ ಎಂದು ನಿಜವಾಗಿಯೂ ನಂಬಿದ್ದ. ಹಡಗನ್ನು ಹವಳದ ಬಿರುಕಿನಲ್ಲಿ ದಾಟಿಸಲು ಕಂಪನಿ ಸೈರುಸಿಯನ್ನು ಸಂಬಳಕ್ಕೆ ಗೊತ್ತುಮಾಡಿತು. ಅವತ್ತಿನಿಂದ ಮೆರೆವಾಲೆಸಿಯ ಜಗುಲಿಗೆ ಅವನು ಬರುವುದು ನಿಂತಿತು.

ಹಡಗು ಬರಬೇಕಾದ ವಾರವೇ ರಾಣಿ ಸತ್ತ ಸುದ್ದಿ ಬಂತು.

ಬೆಳಗಿನ ರೇಡಿಯೋ ಅದನ್ನು ಹೇಳುವಾಗ ಮೆರೆವಾಲೆಸಿ ಬಾಗಿಲಲ್ಲಿ ಕೂತು ಚಿಪ್ಪು ಬಿಡಿಸುತ್ತಿದ್ದಳು. ಕೈ ತೊಳೆದುಕೊಂಡಳು. ಒಳಗೆ ಹೋಗಿ ಪಟದ ಮುಂದೆ ಕೂತು ಅತ್ತಳು. ಸ್ವಲ್ಪ ಹೊತ್ತು, ಗಟ್ಟಿಯಾಗಿ, ಬಂಧುಗಳ ಮನೆಯ ಸಾವಿಗೆ ಹೋದವರು ಅಳಬೇಕಾದಷ್ಟು, ಒಂದು ಹನಿ ಹೆಚ್ಚಿಲ್ಲ, ಕಮ್ಮಿಯಿಲ್ಲ. ಆಮೇಲೆ ಚಾಪೆಯ ಕೆಳಗಿನಿಂದ ಒಂದು ಗಂಟು ತೆಗೆದಳು. ಅದರಲ್ಲಿ ಅವಳ ಕುಲದ ತಂಬುವಾ ಇತ್ತು, ಹೆಣೆದ ಹುರಿಯ ಸಮೇತ, ಎಣ್ಣೆ ಕುಡಿದು ಕೆಂಪಾದ ತಿಮಿಂಗಿಲದ ಹಲ್ಲು. ಮದುವೆ ಕೇಳಲು, ಕ್ಷಮೆ ಬೇಡಲು, ಸಾವಿಗೆ ಸಂತಾಪ ಹೇಳಲು ನಮ್ಮಲ್ಲಿ ಅದಕ್ಕಿಂತ ದೊಡ್ಡ ಮಾತಿಲ್ಲ.

ಅವಳು ಏನು ಮಾಡಹೊರಟಿದ್ದಾಳೆಂದು ನನಗೆ ಅರ್ಥವಾದಾಗ ಕೇಳದೆ ಇರಲಾಗಲಿಲ್ಲ. "ಬುಂಬು, ಇದು ನಿಜವಾದ ದುಃಖಾನಾ, ಮರಳಿನ ಸಲುವಾಗಿ ಆಟಾನಾ?"

"ನಿನ್ನ ಅಜ್ಜಿ ಸತ್ತ ದಿನ ಊಟ ಮಾಡಿದ್ಯಾ ಕಬ್ಬು?"

"ಮಾಡ್ದೆ."

"ದುಃಖ ಸುಳ್ಳಾಗಿತ್ತಾ, ಹಸಿವು ಸುಳ್ಳಾಗಿತ್ತಾ?"

ರಾತು ಇಸಿಕೆಲಿ ಹಡಗನ್ನು ಸ್ವಾಗತಿಸಲು ಆ ಹೊತ್ತಿಗೆ ಸುವಾದಿಂದ ಊರಿಗೆ ಬಂದಿದ್ದ. ಮಧ್ಯಾಹ್ನ ಅವನ ದೊಡ್ಡ ಮನೆಯಲ್ಲಿ ಊರ ಹಿರಿಯರು ಸೇರಿದ್ದರು. ಮೆರೆವಾಲೆಸಿ ಮರಳಿನ ವಿಚಾರ ಬೇಡಿಕೊಳ್ಳಲು ತಂಬುವಾ ಹಿಡಿದು ಬರುತ್ತಾಳೆ ಎಂದು ಅವನು ಮೊದಲೇ ಊಹಿಸಿದ್ದ. ಬೇಡಿಕೆಯ ತಂಬುವಾವನ್ನು ಸವಿನಯವಾಗಿ ಹಿಂದಿರುಗಿಸುವ ದಾರಿಯಿದೆ, ಅದಕ್ಕೆ ಬೇಕಾದ ಮಾತನ್ನು ಅವನ ವಕ್ತಾರ ಪೌಲಿಯಾಸಿ ಬೆಳಗಿನಿಂದ ಕಲಿತು ಕೂತಿದ್ದ. ಅವಳು ಬಾಗಿಲಲ್ಲಿ ಎಡಗಾಲಿನ ಅರ್ಧಚಂದ್ರ ಮುಗಿಸಿ ಒಳಬಂದು ಕೂತಾಗ ಪೌಲಿಯಾಸಿ ಮೆಲ್ಲಗೆ ತಡೆದ. "ಬುಂಬು, ತಂಬುವಾ ಹಿಡಿಯೋಕೆ ನಿಮ್ಮ ಕುಲದ ಗಂಡಸ್ರು ಬರ್ಬೇಕು. ಹೆಂಗಸ್ರು ಒಪ್ಪಿಸೋದು ಎಲ್ಲಿದೆ?"

"ಸತ್ತಿರೋಳೂ ಹೆಂಗಸೇ," ಎಂದಳು ಮೆರೆವಾಲೆಸಿ.

ಯಾರೋ ಸತ್ತಿದ್ದಾರೆ ಎಂಬ ಮಾತು ಕಿವಿಗೆ ಬಿದ್ದದ್ದೇ ಪೌಲಿಯಾಸಿ ತಡೆಯುವುದನ್ನು ಬಿಟ್ಟು ಹಿಂದೆ ಸರಿದು ಕೂತ. ಅವಳು ಹುರಿಯನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದು, ತಲೆಮಾರುಗಳಿಂದ ಸವೆದು ನುಣುಪಾದ ಆ ಮಾತುಗಳನ್ನು ಹೇಳಿದಳು: "ರಾತು, ನಿಮ್ಮ ಮನೆಯಲ್ಲಿ ಸಾವಾಗಿದೆ. ನಿಮ್ಮ ಹಿರಿಯಳು ಹೊರಟುಹೋಗಿದ್ದಾಳೆ. ಕಡಲ ಕುಲದವರು ಕಣ್ಣೀರು ಹೊತ್ತು ಬಂದಿದ್ದೇವೆ. ಇದು ಚಿಕ್ಕದು, ದುಃಖ ದೊಡ್ಡದು. ಸ್ವೀಕರಿಸಿ."

ರಾತು ಇಸಿಕೆಲಿ ವಿಶ್ವವಿದ್ಯಾಲಯದಲ್ಲಿ ಓದಿದವನು, ಕಂಪನಿಯ ವಕೀಲರ ಜೊತೆ ಸಮಸಮನಾಗಿ ವಾದ ಮಾಡಿದವನು. ಆದರೆ ಸಂತಾಪದ ತಂಬುವಾ ಎದುರಿಗೆ ಬಂದಾಗ ನಮ್ಮ ದ್ವೀಪದ ಮನುಷ್ಯನ ಕೈಗಳು ತಲೆಯನ್ನು ಕೇಳಿ ಮುಂದೆ ಹೋಗುವುದಿಲ್ಲ. ಸತ್ತದ್ದು ಯಾರು ಎಂದು ಮೊದಲೇ ಕೇಳುವುದು ನಾಚಿಕೆಗೇಡು. ಬಳಗ ದೊಡ್ಡದು, ಯಾರೋ ಒಬ್ಬರು ಯಾವಾಗಲೂ ಸತ್ತಿರುತ್ತಾರೆ. ಅವನು ಬೊಗಸೆ ಮಾಡಿ ಗಂಭೀರವಾಗಿ ಚಪ್ಪಾಳೆ ತಟ್ಟಿದ, ಹಲ್ಲನ್ನು ಎರಡೂ ಕೈಯಲ್ಲಿ ತೆಗೆದುಕೊಂಡ, ಮೂಸಿದ, "ಕಡಲ ಕುಲದ ಕಣ್ಣೀರನ್ನು ಸ್ವೀಕರಿಸಿದ್ದೇನೆ" ಎಂದ. ಸುತ್ತ ಕೂತವರೆಲ್ಲ ಬೊಗಸೆ ಚಪ್ಪಾಳೆ ತಟ್ಟಿದರು. ಎಲ್ಲ ಮುಗಿದ ಮೇಲೆ, ಕಣ್ಣು ತೇವ ಮಾಡಿಕೊಂಡು, ತಗ್ಗಿದ ದನಿಯಲ್ಲಿ ಕೇಳಿದ:

"ಯಾರು, ಬುಂಬು? ನಮ್ಮ ದೊಡ್ಡತ್ತೇನಾ?"

"ನಿಮ್ಮ ದೊಡ್ಡತ್ತೆ ಕಲ್ಲಿನ ಹಾಗಿದ್ದಾಳೆ. ರಾಣಿ."

ಹಿಂದಿನ ಸಾಲಿನಲ್ಲಿ ಒಬ್ಬ ಹೆಂಗಸು ಸೆರಗು ಬಾಯಿಗೆ ಒತ್ತುವಂತೆ ಬೀಸಣಿಗೆಯನ್ನು ಬಾಯಿಗೆ ಒತ್ತಿಕೊಂಡಳು. ರಾತುವಿನ ಕನ್ನಡಕ ಮೂಗಿನಿಂದ ಜಾರಿತು. "ಯಾವ ರಾಣಿ? ಆ ರಾಣೀನಾ? ಅವಳು ನಮಗೇನೂ ಅಲ್ಲ! ನಮ್ಮದು ಗಣರಾಜ್ಯ, ಕಾನೂನಿದೆ, ಸಂವಿಧಾನ ಇದೆ."

"ನಿಮ್ಮ ಕೈಲಿ ಏನಿದೆ, ರಾತು?"

ಅವನು ಕೈ ನೋಡಿಕೊಂಡ. ತಂಬುವಾ ಅಲ್ಲೇ ಇತ್ತು, ಕೆಂಪಗೆ, ಭಾರವಾಗಿ. ಅದನ್ನು ಕೆಳಗಿಡುವಂತಿಲ್ಲ, ಹಿಂದಿರುಗಿಸುವಂತಿಲ್ಲ. ಒಪ್ಪಿಕೊಂಡ ಕಣ್ಣೀರನ್ನು ವಾಪಸು ಕೊಟ್ಟ ಮುಖಂಡನ ಹೆಸರನ್ನು ಮುಂದಿನ ಏಳು ತಲೆಮಾರು ನಾಯಿಗೂ ಇಡುವುದಿಲ್ಲ. ಪೌಲಿಯಾಸಿ ಬೆಳಗಿನಿಂದ ಕಲಿತ ಮಾತು ಬೇಡಿಕೆಯ ತಂಬುವಾಕ್ಕಿತ್ತು, ಸಾವಿನದಕ್ಕಲ್ಲ. ಸಾವನ್ನು ಒಪ್ಪಿದ ಮೇಲೆ ಸೂತಕವನ್ನು ಒಪ್ಪಲೇಬೇಕು.

ಮೆರೆವಾಲೆಸಿ ಅಲ್ಲಿಂದ ನೇರ ನೀರಿಗೆ ಹೋದಳು. ನದೀಮುಖದಲ್ಲೂ ಹವಳದ ಬಿರುಕಿನಲ್ಲೂ ಅವಳ ಕುಲದವರು ಗೂಟ ನೆಟ್ಟು, ತೆಂಗಿನ ಗರಿ ಕಟ್ಟಿದರು. ದೊಡ್ಡವರು ಸತ್ತಾಗ ನಮ್ಮಲ್ಲಿ ನೂರು ರಾತ್ರಿ ಕಡಲು ಮಲಗುತ್ತದೆ. ಬಲೆ ಬೀಳಬಾರದು, ಗಾಳ ಇಳಿಯಬಾರದು, ತಳ ಕಲಕಬಾರದು.

ಇಲ್ಲಿಗೆ ಗೆದ್ದೆವೆಂದು ನಾವು ಪೇಟೆಯವರು ಬೆನ್ನು ತಟ್ಟಿಕೊಂಡೆವು. ಬೆಲೆ ತೆತ್ತವರು ಊರವರು. ತಳ ಕಲಕಬಾರದೆಂದರೆ ಹೆಂಗಸರ ಕಾಲೂ ಕೆಸರಿಗಿಳಿಯಬಾರದು. ಮೊದಲ ಕೆಲವು ದಿನ ಎಲ್ಲರೂ ಗಂಭೀರರಾಗಿದ್ದರು. ಆಮೇಲೆ ಬೆಳಿಗ್ಗೆ ಕೆಸುವಿನ ಗಡ್ಡೆ, ಸಂಜೆ ಕೆಸುವಿನ ಗಡ್ಡೆ, ನಡುವೆ ಕೆಸುವಿನ ಎಲೆ. ಎದುರಿಗೆ ಮೀನು ಎಗರಾಡುವುದು ಕಾಣುತ್ತಿತ್ತು, ಒಲೆಯ ಮೇಲೆ ಬರೀ ಉಪ್ಪುನೀರು. ಮೆರೆವಾಲೆಸಿಯ ಸೊಸೆಯೇ ಒಮ್ಮೆ ಸಿಡಿದಳು: "ಸತ್ತೋಳಿಗೆ ಅಲ್ಲಿ ಚಿನ್ನದ ಪೆಟ್ಟಿಗೆ. ಬದುಕಿರೋ ನನ್ನ ಮಕ್ಕಳಿಗೆ ಒಂದು ಏಡಿ ಕಾಲಿಲ್ಲ. ನಿಮ್ಮ ರಾಣಿ ಬಡಿಸ್ತಾಳಾ ಅತ್ತೆ?"

"ಇಲ್ಲ. ಅವಳು ಯಾವತ್ತೂ ಬಡಿಸಿಲ್ಲ," ಎಂದಳು ಮೆರೆವಾಲೆಸಿ. "ಸತ್ತ ಮೇಲಾದ್ರೂ ಒಂದು ಕೆಲ್ಸ ಮಾಡ್ಲಿ. ಕೆಸು ತಿನ್ನು." ಸೊಸೆ ತಟ್ಟೆಯನ್ನು ನೆಲಕ್ಕೆ ಕುಕ್ಕಿ ಹೊರಗೆ ಹೋದಳು. ಆ ವಾರ ಊರಿನ ಅರ್ಧ ಜನ ಮುದುಕಿಯ ಜೊತೆ ಮಾತು ಬಿಟ್ಟಿದ್ದರು. ಒಬ್ಬರೂ ಗಾಳ ಇಳಿಸಲಿಲ್ಲ.

ಹಡಗು ಬಂತು. ಹವಳದ ಆಚೆ ಲಂಗರು ಹಾಕಿ, ದಾರಿ ತೋರಿಸುವವನಿಗಾಗಿ ಸಿಳ್ಳು ಹೊಡೆಯಿತು. ದಡದಲ್ಲಿ ಊರೇ ಕೂತಿತ್ತು. ಸೈರುಸಿ ತನ್ನ ದೋಣಿಯ ಪಕ್ಕದಲ್ಲಿ ಕಂಪನಿ ಕೊಟ್ಟ ಹೊಸ ಟೋಪಿ ಹಾಕಿಕೊಂಡು ನಿಂತಿದ್ದ. ಎರಡನೇ ಸಿಳ್ಳು. ಬಿರುಕಿನ ನಡುವೆ ಗೂಟದ ಗರಿ ಗಾಳಿಗೆ ಆಡುತ್ತಿತ್ತು.

ಮೆರೆವಾಲೆಸಿ ಅವನ ಕಡೆ ನೋಡದೆ, ಪಕ್ಕದವಳಿಗೆ ಹೇಳುವಂತೆ ಅಂದಳು: "ಅತ್ತೆ ಮಗ ಹೊಸ ಟೋಪೀಲಿ ಚೆನ್ನಾಗಿ ಕಾಣ್ತಾನೆ. ನಮ್ಮ ಕುಲದ ಗೂಟ ಕೀಳೋವಾಗ ಬಿದ್ದೋಗದ ಹಾಗೆ ಗಟ್ಟಿ ಕಟ್ಕೊಳ್ಳೋಕೆ ಹೇಳು."

ಸೈರುಸಿ ಗೂಟದ ಕಡೆ ನೋಡಿದ. "ನಿನ್ನ ಬಾಯಿಗೆ ಮಣ್ಣು ಬೀಳ," ಎಂದ. ಟೋಪಿ ತೆಗೆದು ದೋಣಿಯೊಳಗೆ ಎಸೆದು, ದೋಣಿಯನ್ನು ಮರಳಿನ ಮೇಲಕ್ಕೆ ಎಳೆದು, ಕವುಚಿ ಹಾಕಿ, ಅದರ ಮೇಲೆ ಕೂತುಬಿಟ್ಟ. ಸಂಬಳದ ಮಾತು ಅವನು ಆಮೇಲೆ ಎತ್ತಲಿಲ್ಲ, ಅವಳೂ ಕೇಳಲಿಲ್ಲ. ಮರುದಿನ ಸಂಜೆಯಿಂದ ಜಗುಲಿಗೆ ಬರತೊಡಗಿದ.

ಕಂಪನಿಯ ಮನುಷ್ಯ ಸಣ್ಣ ದೋಣಿಯಲ್ಲಿ ದಡಕ್ಕೆ ಬಂದು ರಾತುವನ್ನು ಕೇಳಿದ, ಏನಿದು? ರಾತು ಇಸಿಕೆಲಿ ಕನ್ನಡಕ ಒರೆಸಿಕೊಂಡ. ಅವನ ಮನಸ್ಸಿನಲ್ಲಿ ಏನೆಲ್ಲ ಓಡಿತೋ ಹೇಳಲಾರೆ. ರಸ್ತೆ ಓಡಿರಬಹುದು, ಆಸ್ಪತ್ರೆ ಓಡಿರಬಹುದು. ಬೆನ್ನ ಹಿಂದೆ ಊರಿನ ಮೌನವಿತ್ತು, ಒಂದು ಕೆಮ್ಮಿಲ್ಲದ ನಮ್ಮ ಹಳೆಯ ಮೌನ. ಕೊನೆಗೆ ಹೇಳಿದ: "ನಮ್ಮ ಮನೆಯಲ್ಲಿ ಸಾವಾಗಿದೆ. ನೂರು ರಾತ್ರಿ ಕಳೆಯೋವರೆಗೆ ಇಲ್ಲಿ ಯಾರೂ ನೀರು ಮುಟ್ಟೋ ಹಾಗಿಲ್ಲ." ಯಾರು ಹೋದರು ಎಂದು ಆ ಮನುಷ್ಯ ಕೇಳಿದ, ರಾತು ಹೇಳಲೇಬೇಕಾಯಿತು. ಕೇಳಿದವನು ತಬ್ಬಿಬ್ಬಾಗಿ ಟೋಪಿ ತೆಗೆದ. ಅವನ ತಾಯಿಯೂ ಆ ದಿನ ಅತ್ತಿದ್ದಳಂತೆ.

ಬಾಡಿಗೆಯ ಹಡಗು ಅಷ್ಟು ದಿನ ಸುಮ್ಮನೆ ನಿಲ್ಲುವಂತಿರಲಿಲ್ಲ. ಅದು ಬೇರೆ ನದೀಮುಖಕ್ಕೆ ಹೋಯಿತು. ಅಲ್ಲಿನ ನೀರು ಈಗ ಚಹಾದ ಬಣ್ಣಕ್ಕೆ ತಿರುಗಿದೆ. ಅಲ್ಲಿನ ಹೆಂಗಸರು ವೈಲೋಮಾಕ್ಕೆ ಬಂದು ಮೆರೆವಾಲೆಸಿಯ ಚಾಪೆಯ ಮೇಲೆ ಕೂರುತ್ತಿದ್ದಾರೆ. ನಮ್ಮ ಗೆಲುವುಗಳು ಹೆಚ್ಚಾಗಿ ಹೀಗೇ, ಪಕ್ಕದೂರಿನ ಸೋಲನ್ನು ಬಾಲಕ್ಕೆ ಕಟ್ಟಿಕೊಂಡು ಬರುತ್ತವೆ. ವೈಲೋಮಾದಲ್ಲಿ ಸೂತಕ ಕಳೆದ ದಿನ ರಾತು ಪದ್ಧತಿಯಂತೆ ಊಟ ಹಾಕಿಸಿದ. ನೂರು ರಾತ್ರಿ ಮಲಗಿದ್ದ ಕಡಲು ಮೊದಲ ಬಲೆಗೇ ಮೈದುಂಬಿ ಬಂತು. ಸೊಸೆ ಎರಡು ಕೈಯಲ್ಲೂ ಏಡಿ ಹಿಡಿದು ಅತ್ತೆಯ ಮುಂದೆ ಇಟ್ಟುಹೋದಳು. ಪದ್ಧತಿ ಕಾಪಾಡಿದ ಮುಖಂಡ ಎಂದು ಹತ್ತಿರದ ಊರಿನ ರಾತುಗಳೆಲ್ಲ ಇಸಿಕೆಲಿಯನ್ನು ಹೊಗಳಿದರು. ಹೊಗಳಿಕೆ ಅವನಿಗೆ ರುಚಿಸಿತು. ಇತ್ತೀಚೆಗೆ ಸಭೆಗಳಲ್ಲಿ ಅವನು ಆ ಸೂತಕ ತನ್ನದೇ ಯೋಚನೆ ಎಂಬಂತೆ ವಿವರಿಸುತ್ತಾನೆ, ಮರಳಿನ ಮಾತು ಬಂದರೆ ಗಂಟಲು ಸರಿಮಾಡಿಕೊಳ್ಳುತ್ತಾನೆ. ಈ ವಿಷಯ ಹೇಳಿದಾಗ ಮೆರೆವಾಲೆಸಿ, "ಹೇಳ್ಕೊಳ್ಲಿ ಬಿಡು. ಹೇಳ್ಕೊಂಡಷ್ಟೂ ಸಿಕ್ಕಾಕೊಳ್ತಾನೆ," ಎಂದಳು. ಕಂಪನಿ ಮತ್ತೆ ಬರುವುದಿಲ್ಲ ಎಂದು ಅವಳೇನೂ ನಂಬಿಲ್ಲ.

ಪತ್ರಿಕೆಯವರು ಬಂದು ಅವಳ ಚಿತ್ರ ತೆಗೆದು, ರಾಜನಿಷ್ಠೆಯ ಮುದುಕಿ ಎಂದು ಬರೆದರು. ಅದು ಸೋಮಾರಿತನದ ಬರವಣಿಗೆ. ನಿಷ್ಠೆ ಎಂಬುದು ಕೆಳಗಿನಿಂದ ಮೇಲಕ್ಕೆ ಹೋಗುವ ಹೊಗೆ ಎಂದು ಅರಮನೆಯವರು ತಿಳಿದರು. ಅರಮನೆಯನ್ನು ಸುಡಹೊರಟ ನಾವೂ ಹಾಗೆಯೇ ತಿಳಿದೆವು. ಅವಳಂಥವರು ಅದನ್ನು ಎರಡೂ ಕಡೆಯವರನ್ನು ಕಟ್ಟುವ ಹಗ್ಗ ಎಂದು ತಿಳಿದವರು. ದೊಡ್ಡವರು ಜನರ ನಡುವೆ ಬಂದು, ನಕ್ಕು, ಕೊಟ್ಟದ್ದನ್ನು ಉಂಡು, ಕೈಬೀಸಿ ಹೋಗುತ್ತಾರೆ. ಹೋದ ಮೇಲೆ ಅವರಿಗದು ಒಂದು ಮಧ್ಯಾಹ್ನದ ನೆನಪು. ಆದರೆ ಪ್ರತಿ ಊರಿನಲ್ಲೂ ಒಂದಿಬ್ಬರು ಇರುತ್ತಾರೆ, ಓದಿದವರಲ್ಲ, ಮುಖಂಡರಲ್ಲ, ಹೊಗಳುವವರಂತೂ ಅಲ್ಲವೇ ಅಲ್ಲ. ಅವರು ಆ ಮಧ್ಯಾಹ್ನವನ್ನು ಅಕ್ಷರಶಃ ನಂಬುತ್ತಾರೆ. ನೀನು ನಮ್ಮವಳು ಎಂದು ಅವರು ಹೇಳಿದರೆ ಅದು ಕೈಮುಗಿಯುವ ಮಾತಲ್ಲ, ಕೊರಳಪಟ್ಟಿ ಹಿಡಿಯುವ ಮಾತು. ಧ್ವಜ ಇಳಿದರೂ, ಹಾಡು ಬದಲಾದರೂ, ಆ ಕಡೆಯ ತುದಿ ಹಿಡಿದವರು ಸತ್ತು ಮಣ್ಣಾದರೂ, ಇವರು ತಮ್ಮ ತುದಿಯನ್ನು ಮುಷ್ಟಿಗೆ ಸುತ್ತಿಕೊಂಡು ನೆಲಕ್ಕೆ ಕಾಲೂರಿ ಎಳೆಯುತ್ತಲೇ ಇರುತ್ತಾರೆ.